ಹೊಲದ ಜಗಳ, ಠಾಣೆಯ ಕೇಸು: ಹೈಕೋರ್ಟ್ ಯಾವುದನ್ನು ರದ್ದು ಮಾಡುತ್ತದೆ?



ಕಳೆದ ವರ್ಷ ಭತ್ತ ತೆನೆ ಬಿಟ್ಟ ದಿನಗಳಲ್ಲಿ ನಮ್ಮ ಕಾಲೇಜಿನ ದ್ವಿತೀಯ ಪಿಯುಸಿ ಹುಡುಗನೊಬ್ಬ ಸಿಂಧನೂರಿನ ನನ್ನ ಆಫೀಸಿಗೆ ಬಂದ. ಕೂರು ಎಂದರೂ ಕೂರಲಿಲ್ಲ. ಮೊಬೈಲ್ ಮುಂದಿಟ್ಟ. ಅದರಲ್ಲಿ ಒಂದು ಎಫ್‌ಐಆರ್‌ನ ಫೋಟೊ ಇತ್ತು.

"ಸರ್, ಐದನೇ ಹೆಸರು ನಂದೈತ್ರಿ. ನಾ ಅವತ್ತು ಹೊಲದಾಗ ಇರಲೇ ಇಲ್ರಿ, ಪರೀಕ್ಷಾದಾಗ ಇದ್ದೆ. ಹೈಕೋರ್ಟಿಗೆ ಹಾಕಿದ್ರ ಕೇಸು ಕ್ಯಾನ್ಸಲ್ ಆಗ್ತೈತಂತ ಊರಾಗ ಹೇಳ್ಯಾರ್ರಿ. ಕ್ಯಾನ್ಸಲ್ ಮಾಡಸ್ರಿ."

ಪೊಲೀಸ್ ಕಾನ್‌ಸ್ಟೆಬಲ್ ಪರೀಕ್ಷೆ ಬರೆಯಬೇಕೆಂದು ಬೆಳಗ್ಗೆ ಐದಕ್ಕೆ ಎದ್ದು ಓಡುತ್ತಿದ್ದ ಹುಡುಗ ಅವನು. ತನ್ನ ಮೇಲೆ ಕೇಸಿದ್ದರೆ ನೌಕರಿಯ ಕಥೆ ಏನು ಎನ್ನುವ ಭಯ ಅವನದು. ನಾನೂ ಇದೇ ಕಾಲೇಜಿನ ಕಲಾ ವಿಭಾಗದಲ್ಲಿ ಓದಿದವನು. ಈಗ ಸಿಂಧನೂರು, ಲಿಂಗಸುಗೂರು ಕೋರ್ಟುಗಳಲ್ಲಿ ವಕೀಲಿ ಮಾಡುತ್ತೇನೆ. ವಾರ್ತಾಪತ್ರಕ್ಕೆ ಕಾನೂನಿನ ಬಗ್ಗೆ ಏನಾದರೂ ಬರೆದುಕೊಡಿ ಎಂದು ನಿಮ್ಮ ಸಂಪಾದಕ ಬಳಗ ಕೇಳಿದಾಗ ಮೊದಲು ನೆನಪಾದದ್ದು ಅವನ ಮುಖ. ಆ ಮನೆಯವರ ಒಪ್ಪಿಗೆ ಪಡೆದೇ ಬರೆಯುತ್ತಿದ್ದೇನೆ. ಹೆಸರು, ಊರು, ಗುರುತು ಎಲ್ಲ ಬಿಟ್ಟಿದ್ದೇನೆ.

ಜಗಳ ಅರ್ಧ ಎಕರೆಯದು. ಹುಡುಗನ ಅಬ್ಬಾ (ನಾನು ಅವರನ್ನು ಚಾಚಾ ಎನ್ನುತ್ತೇನೆ) ರಸ್ತೆ ಪಕ್ಕದ ಅರ್ಧ ಎಕರೆಯನ್ನು ಮಗಳ ಮದುವೆಯ ಖರ್ಚಿಗೆಂದು ಒಬ್ಬರಿಗೆ ಮಾರಿದರು. ರಿಜಿಸ್ಟ್ರಿಯೂ ಆಯಿತು. ಪಕ್ಕದ ಹೊಲದವರು, ಆ ಅರ್ಧ ಎಕರೆ ನಮ್ಮ ಪಾಲಿನದು, ಬದು ಮುರಿದು ಒಳಗೆ ಬಂದಿದ್ದಾರೆ ಎಂದರು. ಕೊಂಡವರು ಕಲ್ಲು ಹಾಕಿಸಲು ಹೋದ ದಿನ ಮಾತಿಗೆ ಮಾತು ಬೆಳೆಯಿತು. ಸಂಜೆಯ ಹೊತ್ತಿಗೆ ಠಾಣೆಯಲ್ಲಿ ಫಿರ್ಯಾದಿ ದಾಖಲಾಗಿತ್ತು. ಚಾಚಾ, ಅವರ ತಮ್ಮ, ಇಬ್ಬರು ಅಣ್ಣತಮ್ಮಂದಿರ ಮಕ್ಕಳು, ಐದನೆಯವನಾಗಿ ಈ ಹುಡುಗ, ಆರನೆಯವರಾಗಿ ಹೊಲ ಕೊಂಡವರು, ಏಳು ಎಂಟನೆಯವರಾಗಿ ಕ್ರಯಪತ್ರಕ್ಕೆ ಸಾಕ್ಷಿ ಹಾಕಿದವರು. ಕಲಮುಗಳೂ ಹಾಗೇ ಸಾಲಾಗಿ ನಿಂತಿದ್ದವು: ಖೊಟ್ಟಿ ದಾಖಲೆ, ಮೋಸ, ಅತಿಕ್ರಮ ಪ್ರವೇಶ, ಹೊಡೆತ, ಬೈಗುಳ, ಜೀವಬೆದರಿಕೆ.

ಇಂಥ ಕೇಸುಗಳು ನಮ್ಮ ಕಡೆ ಯಾಕೆ ಇಷ್ಟು ಎನ್ನುವುದನ್ನು ಸ್ವಲ್ಪ ಹೇಳಬೇಕು. 1953ರಲ್ಲಿ ತುಂಗಭದ್ರಾ ಅಣೆಕಟ್ಟೆ ಮುಗಿದು, ಎಡದಂಡೆ ಕಾಲುವೆಯ ನೀರು ಹರಿದ ಮೇಲೆ ಸಿಂಧನೂರಿನ ಎರೆಭೂಮಿ ಭತ್ತದ ಗದ್ದೆಯಾಯಿತು. ಜೋಳ ಬಿತ್ತಿ ಮಳೆಗೆ ಕಾಯುತ್ತಿದ್ದ ಹೊಲಕ್ಕೆ ಒಮ್ಮೆಲೇ ಬೆಲೆ ಬಂತು. ಆಂಧ್ರದಿಂದ ಬಂದ ರೈತರು ಕ್ಯಾಂಪು ಕಟ್ಟಿಕೊಂಡು ನೆಲೆಸಿದರು. ಅಜ್ಜಂದಿರು ಬಾಯಿಮಾತಿನಲ್ಲಿ 'ಈ ಬೇವಿನ ಗಿಡದಿಂದ ಆಚೆ ನಿನ್ನದು, ಈಚೆ ನನ್ನದು' ಎಂದು ಮಾಡಿಕೊಂಡಿದ್ದ ವಾಟ್ನಿ ಮೊಮ್ಮಕ್ಕಳ ಕಾಲಕ್ಕೆ ಸಾಲದಾಯಿತು. ಬೇವಿನ ಗಿಡವೂ ಇಲ್ಲದಾಯಿತು. ಒಂದೇ ಸರ್ವೆ ನಂಬರಿನಲ್ಲಿ ನಾಲ್ಕು ಜನರ ಹೆಸರು ಪಹಣಿಯಲ್ಲಿ ಇರುತ್ತದೆ, ಯಾರದು ಎಷ್ಟು ಎಕರೆ ಎಂದೂ ಇರುತ್ತದೆ. ಆದರೆ ಯಾರದು ಯಾವ ಕಡೆ ಎಂದು ತೋರಿಸುವ ನಕ್ಷೆ ಇರುವುದಿಲ್ಲ. ಇದನ್ನೇ ಪೋಡಿ ಆಗದ ಜಮೀನು ಎನ್ನುವುದು. ನಾನು ನೋಡಿದ ಹೊಲದ ಜಗಳಗಳಲ್ಲಿ ಬಹಳಷ್ಟು ಹುಟ್ಟುವುದು ಈ ಪೋಡಿ ಇಲ್ಲದ ಜಾಗದಲ್ಲಿ. ಮಸ್ಕಿಯ ಕಡೆ ಇನ್ನೂ ಒಂದು ಫಜೀತಿ ಇದೆ. ಲಿಂಗಸುಗೂರು, ಸಿಂಧನೂರು, ಮಾನ್ವಿ ತಾಲ್ಲೂಕುಗಳ ಹಳ್ಳಿಗಳನ್ನು ಕೂಡಿಸಿ ಮಾಡಿದ ಹೊಸ ತಾಲ್ಲೂಕು ಅದು. ಹಳೆಯ ಕಾಗದ ಬೇಕೆಂದರೆ ಯಾವ ಕಚೇರಿಯಲ್ಲಿದೆ ಎಂದು ಮೊದಲು ಹುಡುಕಬೇಕು. (ಫಿರ್ಯಾದಿ, ತಹಶೀಲ್ದಾರ, ವಕೀಲ, ಜಮೀನು, ಕಬ್ಜಾ: ನಮ್ಮ ಜಗಳದ ಮಾತುಗಳೆಲ್ಲ ಫಾರಸಿ, ಅರಬ್ಬಿಯಿಂದ ಬಂದವು. 1956ರವರೆಗೆ ರಾಯಚೂರು ಹೈದರಾಬಾದ್ ರಾಜ್ಯದಲ್ಲಿ ಇದ್ದದ್ದರಿಂದ ನಮ್ಮ ಹಳ್ಳಿಯವರ ಬಾಯಲ್ಲಿ ಇವು ಇನ್ನೂ ಗಟ್ಟಿಯಾಗಿವೆ. ಕನ್ನಡ ಮೇಷ್ಟ್ರು ಇದನ್ನು ಇನ್ನೊಂದು ಲೇಖನವಾಗಿ ಬರೆಯಲಿ.)

ಹೊಲದ ತಕರಾರು ಬಂದಾಗ ರೈತನ ಮುಂದೆ ಮೂರು ಬಾಗಿಲು ಇವೆ. ಒಂದು ಕಂದಾಯ ಇಲಾಖೆಯದು. ಪಹಣಿಯಲ್ಲಿ ಹೆಸರು ತಪ್ಪಾಗಿ ಏರಿದ್ದರೆ ತಹಶೀಲ್ದಾರರ ಹತ್ತಿರ ಹೋಗಬೇಕು. ಅವರ ಆದೇಶ ಒಪ್ಪದಿದ್ದರೆ 1964ರ ಕರ್ನಾಟಕ ಭೂಕಂದಾಯ ಕಾಯ್ದೆಯ 136ನೇ ಕಲಮಿನಡಿ ಲಿಂಗಸುಗೂರಿನ ಉಪವಿಭಾಗಾಧಿಕಾರಿಗಳಲ್ಲಿ ಮೇಲ್ಮನವಿ. ಆದರೆ ಪಹಣಿ ಮಾಲೀಕತ್ವದ ಪತ್ರವಲ್ಲ. ಬೇರೆ ರೀತಿ ಸಾಬೀತಾಗುವವರೆಗೆ ಅದರಲ್ಲಿರುವುದು ಸರಿ ಎಂದು ಕಾನೂನು ಭಾವಿಸುತ್ತದೆ, ಅಷ್ಟೆ. ಎರಡನೆಯದು ಸಿವಿಲ್ ಕೋರ್ಟು. ಈ ಹೊಲ ನಿಜವಾಗಿ ಯಾರದು ಎಂದು ಹೇಳುವ ಅಧಿಕಾರ ಇರುವುದು ಅದಕ್ಕೆ. ಮೂರನೆಯದು ಪೊಲೀಸ್ ಠಾಣೆ. ಅದು ಕೇಳುವ ಪ್ರಶ್ನೆಯೇ ಬೇರೆ: ಅಪರಾಧ ನಡೆಯಿತೇ?

ಸಿವಿಲ್ ದಾವೆ ವರ್ಷಗಟ್ಟಲೆ ಎಳೆಯುತ್ತದೆ. ಠಾಣೆಯಲ್ಲಿ ಒಂದು ಸಂಜೆಯಲ್ಲಿ ಎದುರಿನವರ ಮನೆಯ ಗಂಡಸರೆಲ್ಲ ಜಾಮೀನು ಹುಡುಕಿಕೊಂಡು ಓಡಾಡುವಂತೆ ಮಾಡಬಹುದು. ಹೀಗಾಗಿ ಎರಡನೇ ಬಾಗಿಲಿಗೆ ಹೋಗಬೇಕಾದವರು ಮೂರನೆಯದನ್ನು ಬಡಿಯುತ್ತಾರೆ. ಇದನ್ನು ನಾನು ಎದುರಿನವರಿಗೆ ಮಾತ್ರ ಹೇಳುತ್ತಿಲ್ಲ. ನನ್ನ ಕಕ್ಷಿದಾರರೂ 'ಅವರ ಮ್ಯಾಲ ಒಂದು ಕ್ರಿಮಿನಲ್ ಕೇಸು ಜಡಿರಿ ವಕೀಲರ, ದಾರಿಗೆ ಬರ್ತಾರ' ಎಂದು ನನ್ನನ್ನೇ ಕೇಳಿದ್ದಾರೆ. ಚಾಚಾ ಕೂಡ ಅದನ್ನೇ ಕೇಳಿದರು.

ಈಗ ಹೈಕೋರ್ಟಿನ ಮಾತಿಗೆ ಬರೋಣ. ಅಪರಾಧದ ಕೇಸನ್ನು ವಿಚಾರಣೆ ನಡೆಯುವ ಮೊದಲೇ ರದ್ದು ಮಾಡುವ ಅಧಿಕಾರ ಹೈಕೋರ್ಟಿಗಿದೆ. ಹಿಂದೆ ಇದು ದಂಡ ಪ್ರಕ್ರಿಯಾ ಸಂಹಿತೆಯ 482ನೇ ಕಲಮು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 528ನೇ ಕಲಮು. ಕಲಮಿನ ಮಾತನ್ನು ಗಮನವಿಟ್ಟು ಓದಿದರೆ ಅದು ಹೈಕೋರ್ಟಿಗೆ ಹೊಸದಾಗಿ ಏನನ್ನೂ ಕೊಡುವುದಿಲ್ಲ. ಕೋರ್ಟಿನ ಪ್ರಕ್ರಿಯೆಯ ದುರುಪಯೋಗ ತಡೆಯಲು ಹೈಕೋರ್ಟಿಗೆ ಸಹಜವಾಗಿಯೇ ಇರುವ ಅಧಿಕಾರಕ್ಕೆ ಈ ಸಂಹಿತೆ ಅಡ್ಡಿಯಾಗದು ಎಂದಷ್ಟೇ ಹೇಳುತ್ತದೆ. ನಮ್ಮ ಜಿಲ್ಲೆಯವರು ಈ ಅರ್ಜಿ ಹಾಕುವುದು ಕಲಬುರಗಿ ಪೀಠದಲ್ಲಿ. 2008ರ ಜುಲೈನಲ್ಲಿ ಅಲ್ಲಿ ಸಂಚಾರಿ ಪೀಠ ಶುರುವಾಗಿ 2013ರಲ್ಲಿ ಕಾಯಂ ಆಯಿತು. ಅದಕ್ಕೆ ಮೊದಲು ಅರ್ಧ ಎಕರೆಯ ಜಗಳಕ್ಕೂ ಬೆಂಗಳೂರಿನ ಬಸ್ಸು ಹತ್ತಬೇಕಿತ್ತು.

ರದ್ದತಿ ಅರ್ಜಿಯಲ್ಲಿ ಹೈಕೋರ್ಟ್ ಮುಖ್ಯವಾಗಿ ಹಾಕಿಕೊಳ್ಳುವ ಪ್ರಶ್ನೆ ಒಂದು. ಫಿರ್ಯಾದಿಯಲ್ಲಿ ಬರೆದಿದ್ದೆಲ್ಲ ಅಕ್ಷರಶಃ ನಿಜ ಎಂದೇ ಇಟ್ಟುಕೊಳ್ಳೋಣ, ಆಗಲೂ ಅಪರಾಧವಾಗುತ್ತದೆಯೇ? ಆಗುವುದಿಲ್ಲ ಎಂದಾದರೆ ರದ್ದು. ಆಗುತ್ತದೆ ಎಂದಾದರೆ, ನಿಜವೋ ಸುಳ್ಳೋ ಎನ್ನುವುದನ್ನು ಕೆಳಗಿನ ಕೋರ್ಟು ಸಾಕ್ಷಿ ಕೇಳಿ ತೀರ್ಮಾನಿಸಲಿ. ಊರಿನಲ್ಲಿ ಬಹಳ ಜನ ತಪ್ಪು ತಿಳಿದಿರುವುದು ಇಲ್ಲೇ. 'ಅದು ಸುಳ್ಳು ಕೇಸು ರೀ, ಹೈಕೋರ್ಟಿನಾಗ ಬಿದ್ದು ಹೋಗ್ತೈತಿ' ಎನ್ನುತ್ತಾರೆ. ಸುಳ್ಳು ಎನ್ನುವುದೊಂದೇ ಕಾರಣಕ್ಕೆ ಅಲ್ಲಿ ಕೇಸು ಬೀಳುವುದು ಕಡಿಮೆ. ನಿಜ ಎಂದು ಒಪ್ಪಿದರೂ ಅಪರಾಧವಾಗದ್ದು ಬೀಳುತ್ತದೆ.

ಎಲ್ಲ ವಕೀಲರೂ ರದ್ದತಿ ಅರ್ಜಿಯಲ್ಲಿ ಎತ್ತುವ ತೀರ್ಪು ಹರಿಯಾಣ ಸರ್ಕಾರ ಮತ್ತು ಭಜನ್ ಲಾಲ್ ನಡುವಿನದು. 1990ರ ನವೆಂಬರ್‌ನಲ್ಲಿ ಬಂದ ಆ ತೀರ್ಪು ಯಾವ ಏಳು ಬಗೆಯ ಪ್ರಕರಣಗಳಲ್ಲಿ ರದ್ದತಿ ಸಾಧ್ಯ ಎಂದು ಪಟ್ಟಿ ಕೊಡುತ್ತದೆ. ದ್ವೇಷ ತೀರಿಸಿಕೊಳ್ಳಲೆಂದೇ ಹೂಡಿದ ಕೇಸು ಅದರಲ್ಲಿ ಏಳನೆಯದು. ತಮಾಷೆ ಎಂದರೆ ಆ ಪ್ರಕರಣದಲ್ಲಿ ಎಫ್‌ಐಆರ್ ರದ್ದು ಮಾಡಿದ್ದು ಹೈಕೋರ್ಟ್. ಸುಪ್ರೀಂ ಕೋರ್ಟ್ ಆ ರದ್ದತಿಯನ್ನು ತಳ್ಳಿಹಾಕಿತು. ರದ್ದತಿಗೆ ಹೆಸರಾದ ತೀರ್ಪಿನಲ್ಲೇ ಎಫ್‌ಐಆರ್ ಉಳಿಯಿತು! ತೀರ್ಪನ್ನು ಪೂರ್ತಿ ಓದದೆ ಪಟ್ಟಿಯೊಂದನ್ನೇ ಬಾಯಿಪಾಠ ಮಾಡುವವರಿಗೆ ಇದು ಗೊತ್ತಿರುವುದಿಲ್ಲ.

ಚಾಚಾರ ಕೇಸಿಗೆ ಕನ್ನಡಿ ಹಿಡಿದಂತಿರುವುದು ಇನ್ನೊಂದು ತೀರ್ಪು: 2009ರ ಮೊಹಮ್ಮದ್ ಇಬ್ರಾಹಿಂ ಮತ್ತು ಬಿಹಾರ ಸರ್ಕಾರದ ಪ್ರಕರಣ. ಬರೆದವರು ಹಿಂದೆ ಕರ್ನಾಟಕ ಹೈಕೋರ್ಟಿನಲ್ಲಿ ನ್ಯಾಯಮೂರ್ತಿಯಾಗಿದ್ದ ಆರ್.ವಿ. ರವೀಂದ್ರನ್. ಬಿಹಾರದ ಆ ಪ್ರಕರಣದಲ್ಲಿಯೂ ಒಬ್ಬರು ಜಮೀನು ತಮ್ಮದೆಂದು ಇನ್ನೊಬ್ಬರಿಗೆ ಕ್ರಯಪತ್ರ ಬರೆದುಕೊಟ್ಟಿದ್ದರು. ಮೂರನೆಯವರು ಬಂದು ಜಮೀನು ನನ್ನದು ಎಂದು, ಮಾರಿದವರು, ಕೊಂಡವರು, ಸಾಕ್ಷಿ ಹಾಕಿದವರು, ಪತ್ರ ಬರೆದವರು, ಛಾಪಾ ಕಾಗದ ಮಾರಿದವರು ಎಲ್ಲರ ಮೇಲೂ ಖೊಟ್ಟಿ ದಾಖಲೆ ಮತ್ತು ಮೋಸದ ದೂರು ಕೊಟ್ಟರು. ಜೊತೆಗೆ ಹೊಡೆದರು, ತಡೆದರು, ಬೈದರು ಎನ್ನುವ ಆರೋಪವೂ ಇತ್ತು.

ಖೊಟ್ಟಿ ದಾಖಲೆ ಎಂದರೇನು? ಇದನ್ನು ನಾನು ಹುಡುಗನಿಗೆ ಹಾಜರಿ ಪುಸ್ತಕದ ಲೆಕ್ಕದಲ್ಲಿ ಹೇಳಿದೆ. ನೀನು ಕ್ಲಾಸಿಗೆ ಬರದೆ, ಬಂದಿದ್ದೆ ಎಂದು ಬರೆದು ನಿನ್ನದೇ ಸಹಿ ಮಾಡಿದೆ ಅನ್ನು. ಅದು ಸುಳ್ಳು. ಬಾರದ ಗೆಳೆಯನ ಸಹಿಯನ್ನು ನೀನು ಮಾಡಿದರೆ ಅದು ಖೊಟ್ಟಿ. ಮೊದಲನೆಯದರಲ್ಲಿ ಬರಹ ಸುಳ್ಳು, ಸಹಿ ಖರೆ. ಬರೆದವನು ಯಾರು ಎಂಬುದರಲ್ಲಿ ವಂಚನೆ ಇಲ್ಲ. ಎರಡನೆಯದರಲ್ಲಿ ಆ ಪತ್ರ ಯಾರದು ಎನ್ನುವುದೇ ಸುಳ್ಳು. ಕಾನೂನು ಖೊಟ್ಟಿ ಎನ್ನುವುದು ಮುಖ್ಯವಾಗಿ ಮೂರಕ್ಕೆ: ಇನ್ನೊಬ್ಬರ ಹೆಸರಿನಲ್ಲಿ ಪತ್ರ ಮಾಡುವುದು, ಆದ ಪತ್ರವನ್ನು ಆಮೇಲೆ ತಿದ್ದುವುದು, ಬುದ್ಧಿ ಸ್ಥಿಮಿತದಲ್ಲಿ ಇಲ್ಲದವರಿಂದಲೋ ಅಮಲಿನಲ್ಲಿರುವವರಿಂದಲೋ ಅಥವಾ ಪತ್ರದಲ್ಲಿ ಏನಿದೆಯೆಂದು ತಿಳಿಯದಂತೆ ವಂಚಿಸಿಯೋ ಸಹಿ ಮಾಡಿಸಿಕೊಳ್ಳುವುದು. ತನ್ನದಲ್ಲದ ಹೊಲವನ್ನು ತನ್ನದೆಂದು ತನ್ನ ಹೆಸರಿನಲ್ಲೇ ಬರೆದುಕೊಟ್ಟರೆ ಇವುಗಳಲ್ಲಿ ಯಾವುದೂ ಆಗುವುದಿಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿತು.

ಮೋಸದ ಲೆಕ್ಕವೂ ಹೀಗೇ. ಮೋಸ ಎಂದರೆ ಒಬ್ಬರನ್ನು ನಂಬಿಸಿ, ಆ ನಂಬಿಕೆಯ ಮೇಲೆ ಅವರ ಕೈಯಿಂದ ಹಣವನ್ನೋ ವಸ್ತುವನ್ನೋ ಬಿಡಿಸಿಕೊಳ್ಳುವುದು. ಪಕ್ಕದ ಹೊಲದವರಿಗೆ ಚಾಚಾ ಏನನ್ನೂ ನಂಬಿಸಲಿಲ್ಲ, ಅವರಿಂದ ಒಂದು ರೂಪಾಯಿ ಪಡೆಯಲೂ ಇಲ್ಲ. ಹೊಲ ಚಾಚಾರದಲ್ಲ ಎಂದಾದರೆ ಮೋಸ ಹೋದವರು ಕೊಂಡವರು. ಅವರನ್ನು ಇಲ್ಲಿ ಆರನೇ ಆರೋಪಿ ಮಾಡಿದ್ದಾರೆ!

ಬಿಹಾರದ ಕೇಸಿನಲ್ಲಿ ಖೊಟ್ಟಿ ದಾಖಲೆ ಮತ್ತು ಮೋಸದ ಕಲಮುಗಳು ರದ್ದಾದವು. ಆದರೆ ಹೊಡೆದದ್ದು, ತಡೆದದ್ದು, ಬೈದದ್ದು ಎನ್ನುವ ಕಲಮುಗಳು ಉಳಿದವು. ಆ ವಿಚಾರಣೆ ನಡೆಯಲಿ ಎಂದು ಕೋರ್ಟ್ ಹೇಳಿತು. ಈ ತೀರ್ಪನ್ನು ಹುಡುಗನಿಗೂ ಚಾಚಾರಿಗೂ ಓದಿ ಹೇಳಿದ್ದು ಈ ಎರಡನೇ ಅರ್ಧಕ್ಕಾಗಿ. ಹೊಲದ ಭಾಗ ಬಿದ್ದು ಹೋಗಬಹುದು, ಕೈಯೆತ್ತಿದ ಭಾಗ ಉಳಿಯುತ್ತದೆ.

"ಚಾಚಾ, ಹೊಡೆದದ್ದು ಖರೇನೊ ಸುಳ್ಳೊ?" ಎಂದು ಕೇಳಿದೆ. ಅವರು ಮಗನ ಕಡೆ ನೋಡಲಿಲ್ಲ. ಟೇಬಲ್ಲಿನ ಅಂಚನ್ನು ನೋಡುತ್ತ, "ಸಲಿಕಿ ಕಾವಿನ್ಲೆ ಒಂದು ಏಟು ಬಿತ್ತು" ಎಂದರು. ಬಿತ್ತು ಅಂದರು, ಹೊಡೆದೆ ಎನ್ನಲಿಲ್ಲ.

ನಮ್ಮ ರಾಜ್ಯದ್ದೇ ಒಂದು ಪ್ರಕರಣವನ್ನೂ ಇಲ್ಲಿ ಹೇಳಿಬಿಡುತ್ತೇನೆ. ಮಿತೇಶ್ ಕುಮಾರ್ ಶಾ ಮತ್ತು ಕರ್ನಾಟಕ ಸರ್ಕಾರದ ಪ್ರಕರಣ, 2021ರ ಅಕ್ಟೋಬರ್ ತೀರ್ಪು. ಜಂಟಿ ಅಭಿವೃದ್ಧಿ ಒಪ್ಪಂದದ ಮೇಲೆ ಕಟ್ಟಿದ ಕಟ್ಟಡದಲ್ಲಿ ತಮ್ಮ ಪಾಲಿಗಿಂತ ಹೆಚ್ಚು ಫ್ಲ್ಯಾಟ್ ಮಾರಿಕೊಂಡರು ಎಂದು ನಂಬಿಕೆದ್ರೋಹ ಮತ್ತು ಮೋಸದ ಕೇಸು. ಯಾರ ಪಾಲು ಎಷ್ಟು ಎನ್ನುವ ವ್ಯಾಜ್ಯ ಆಗಲೇ ಮಧ್ಯಸ್ಥಿಕೆಯ ಮುಂದಿತ್ತು. ನಮ್ಮ ಹೈಕೋರ್ಟ್ ರದ್ದು ಮಾಡಲು ಒಪ್ಪಲಿಲ್ಲ, ಸುಪ್ರೀಂ ಕೋರ್ಟ್ ಮಾಡಿತು. ಕರಾರು ಮುರಿದದ್ದೆಲ್ಲ ಮೋಸವಲ್ಲ. ಕರಾರು ಮಾಡುವಾಗಲೇ ಮೋಸದ ಉದ್ದೇಶ ಇದ್ದಿತು ಎಂದು ತೋರಿಸಬೇಕು. ನಗರದ ಫ್ಲ್ಯಾಟ್ ಆದರೇನು, ಸಿಂಧನೂರಿನ ಗದ್ದೆಯಾದರೇನು, ಅಳತೆಗೋಲು ಅದೇ.

ಇಷ್ಟು ಓದಿ, ಹೊಲದ ಕೇಸು ಎಂದರೆ ಹೈಕೋರ್ಟಿನಲ್ಲಿ ತಾನಾಗಿ ಬೀಳುತ್ತದೆ ಎಂದುಕೊಳ್ಳಬೇಡಿ. ಸತ್ತವರ ಹೆಸರಿನಲ್ಲಿ ಬೇರೆಯವರನ್ನು ಉಪನೋಂದಣಿ ಕಚೇರಿಯಲ್ಲಿ ನಿಲ್ಲಿಸಿ ಹೆಬ್ಬೆಟ್ಟು ಒತ್ತಿಸಿದರೆ ಅದು ಅಪ್ಪಟ ಖೊಟ್ಟಿ. ಸಿವಿಲ್ ದಾವೆ ನಡೆಯುತ್ತಿದೆ ಎನ್ನುವುದು ಆಗ ರಕ್ಷಣೆಯಾಗುವುದಿಲ್ಲ. ಒಂದೇ ಘಟನೆ ಸಿವಿಲ್ ವ್ಯಾಜ್ಯವೂ ಆಗಬಹುದು, ಅಪರಾಧವೂ ಆಗಬಹುದು. ಪರಿಶಿಷ್ಟರ ಜಮೀನಿನ ಮಾತು ಇನ್ನೂ ಬೇರೆ. ಪರಿಶಿಷ್ಟ ಜಾತಿ, ಪಂಗಡದವರ ಒಡೆತನದ ಭೂಮಿಯನ್ನು ಅಕ್ರಮವಾಗಿ ಕಬ್ಜಾ ಮಾಡುವುದು, ಅವರನ್ನು ಅಲ್ಲಿಂದ ಎಬ್ಬಿಸುವುದು 1989ರ ದೌರ್ಜನ್ಯ ತಡೆ ಕಾಯ್ದೆಯಲ್ಲಿ ಅಪರಾಧವೇ. ಎರಡು ಕಡೆಯವರೂ ಹಕ್ಕಿಗಾಗಿ ಹೋರಾಡುತ್ತಿರುವಾಗ, ಜಾತಿಯ ಕಾರಣಕ್ಕೆ ಸಾರ್ವಜನಿಕರ ಎದುರು ನಡೆದ ಅವಮಾನವಲ್ಲದಿದ್ದರೆ ಅವಮಾನದ ಕಲಮು ನಿಲ್ಲದು ಎಂದು ಉತ್ತರಾಖಂಡದ ಹಿತೇಶ್ ವರ್ಮಾ ಪ್ರಕರಣದಲ್ಲಿ 2020ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ನಿಜ. ಅದನ್ನು ಹಿಡಿದುಕೊಂಡು, ಬಡವರ ಎರಡು ಎಕರೆ ನುಂಗಿದವರೂ 'ಇದು ಸಿವಿಲ್ ವಿಷಯ' ಎಂದು ಕಲಬುರಗಿಗೆ ಓಡುವುದನ್ನು ನಾನು ಮೆಚ್ಚುವುದಿಲ್ಲ. ತನಿಖೆ ನಡೆಯುತ್ತಿರುವಾಗ ಹೈಕೋರ್ಟುಗಳು ಸುಲಭವಾಗಿ ಕೈಹಾಕಬಾರದು ಎಂದು 2021ರ ಏಪ್ರಿಲ್‌ನ ನೀಹಾರಿಕಾ ತೀರ್ಪಿನಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಎಚ್ಚರಿಸಿದ್ದೂ ಇದೇ ಕಾರಣಕ್ಕೆ.

ಹುಡುಗನ ಮಾತಿಗೆ ಬರುತ್ತೇನೆ. ಅವನು ಪರೀಕ್ಷೆಯಲ್ಲಿದ್ದ, ಸರಿ. ಆದರೆ ಮೇಲಿನ ಪ್ರಶ್ನೆಯನ್ನು ಅವನಿಗೆ ಹಚ್ಚಿ ನೋಡಿ. ಫಿರ್ಯಾದಿಯಲ್ಲಿ 'ಐದನೆಯವನು ಕಟ್ಟಿಗೆಯಿಂದ ಹೊಡೆದ' ಎಂದಿದೆ. ಅದು ನಿಜವೆಂದಿಟ್ಟುಕೊಂಡರೆ ಅಪರಾಧ ಆಗುತ್ತದೆ. ಇವನು ಅಲ್ಲಿ ಇರಲೇ ಇಲ್ಲ ಎನ್ನುವುದು ಇವನು ಸಾಬೀತು ಮಾಡಬೇಕಾದ ಸಂಗತಿ, ಸಾಕ್ಷಿಯ ಸಂಗತಿ. ಯಾರೂ ಅಲ್ಲಗಳೆಯಲಾಗದಂಥ ಗಟ್ಟಿ ದಾಖಲೆ ಇದ್ದರೆ ಹೈಕೋರ್ಟ್ ನೋಡುವುದುಂಟು. ಆದರೆ ಅದನ್ನೇ ನಂಬಿ, ಹದಿನೆಂಟು ತುಂಬಿ ಎರಡು ತಿಂಗಳಾದ ಹುಡುಗನನ್ನು ಕಲಬುರಗಿಗೆ ಅಲೆದಾಡಿಸುವುದು ನನಗೆ ಸರಿ ಕಾಣಲಿಲ್ಲ. (ಹದಿನೆಂಟು ತುಂಬದಿದ್ದರೆ ಅವನ ವಿಷಯ ಬಾಲನ್ಯಾಯ ಮಂಡಳಿಗೆ ಹೋಗುತ್ತಿತ್ತು. ನಿಮ್ಮಲ್ಲಿ ಹೆಚ್ಚಿನವರು ಆ ವಯಸ್ಸಿನವರು, ನೆನಪಿರಲಿ.)

ಅವನಿಗೆ ಹತ್ತಿರದ ದಾರಿ ಇತ್ತು. ತನಿಖೆ ಇನ್ನೂ ಮುಗಿದಿರಲಿಲ್ಲ. ಆ ದಿನದ ಪರೀಕ್ಷಾ ಕೊಠಡಿಯ ಹಾಜರಿ ಹಾಳೆ, ಅವನು ಸಹಿ ಮಾಡಿದ್ದು, ಕೊಠಡಿ ಮೇಲ್ವಿಚಾರಕರ ಸಹಿ, ವೇಳೆ ಎಲ್ಲ ಇರುವ ನಕಲನ್ನು ಪ್ರಾಂಶುಪಾಲರು ದೃಢೀಕರಿಸಿ ಕೊಟ್ಟರು. ಅದನ್ನು ಒಂದು ಮನವಿಯ ಜೊತೆ ತನಿಖಾಧಿಕಾರಿಗೆ ಕೊಟ್ಟು ಸ್ವೀಕೃತಿ ಪಡೆದೆವು. ಹಾಜರಿ ಹಾಳೆಗೆ ಸಹಿ ಮಾಡಲು ಬೇಜಾರು ಪಡುವವರು ಗಮನಿಸಿ! ದೋಷಾರೋಪ ಪಟ್ಟಿ ಕೋರ್ಟಿಗೆ ಬಂದಾಗ ಅದರಲ್ಲಿ ಅವನ ಹೆಸರು ಇರಲಿಲ್ಲ.

ಚಾಚಾರ ಹೆಸರು ಇತ್ತು, ಎಲ್ಲ ಕಲಮುಗಳ ಸಮೇತ. ಈಗ ರದ್ದತಿ ಅರ್ಜಿ ಹಾಕೋಣ ಎಂದಾಗ ಅವರು ನ್ಯಾಯವಾದ ಪ್ರಶ್ನೆಯನ್ನೇ ಕೇಳಿದರು. "ಹೊಡ್ತದ ಕೇಸು ಹ್ಯಾಂಗೂ ಉಳೀತೈತಿ ಅಂತೀರಿ. ಅರ್ಧ ಕೇಸಿಗೆ ಅಷ್ಟು ದೂರ ಯಾಕ ಹೋಗೂದು?"

ಲೆಕ್ಕ ಹೇಳಿದೆ. ಕ್ರಯಪತ್ರದಂಥ ದಾಖಲೆಯನ್ನು ಖೊಟ್ಟಿ ಮಾಡಿದ್ದಕ್ಕೆ ಭಾರತೀಯ ನ್ಯಾಯ ಸಂಹಿತೆಯ 338ನೇ ಕಲಮಿನಲ್ಲಿ ಜೀವಾವಧಿಯವರೆಗೂ ಶಿಕ್ಷೆ ಇದೆ. ಮೋಸದ 318(4)ರಲ್ಲಿ ಏಳು ವರ್ಷದವರೆಗೆ. ಸಾಧಾರಣ ಹೊಡೆತಕ್ಕೆ 115(2)ರಲ್ಲಿ ಹೆಚ್ಚೆಂದರೆ ಒಂದು ವರ್ಷ, ಅತಿಕ್ರಮ ಪ್ರವೇಶಕ್ಕೆ 329(3)ರಲ್ಲಿ ಮೂರು ತಿಂಗಳು. ಅಂದರೆ ಕೇಸಿನ ಭಾರವೆಲ್ಲ ಇರುವುದು ಬೀಳಬಹುದಾದ ಅರ್ಧದಲ್ಲಿ. ಉಳಿಯುವ ಹೊಡೆತ, ಬೈಗುಳ, ಅತಿಕ್ರಮ ಪ್ರವೇಶಗಳಲ್ಲಿ ಎರಡೂ ಕಡೆಯವರು ಒಪ್ಪಿದರೆ ಇಲ್ಲೇ ರಾಜಿ ಮಾಡಿಕೊಳ್ಳಲು ಕಾನೂನೇ ಅವಕಾಶ ಕೊಟ್ಟಿದೆ. ಲೋಕ ಅದಾಲತ್‌ನಲ್ಲೂ ಮುಗಿಸಬಹುದು. ಆದರೆ ಏಟು ತಿಂದವರು ಒಪ್ಪಬೇಕು. ಒಪ್ಪಬೇಕಾದರೆ ಮೊದಲು ಅವರ ಮನೆಗೆ ಹೋಗಬೇಕು.

"ಮತ್ತ ಹೊಲ?" ಎಂದರು.

ಹೈಕೋರ್ಟ್ ಕ್ರಯಪತ್ರ ಖೊಟ್ಟಿಯಲ್ಲ ಎಂದ ಮಾತ್ರಕ್ಕೆ ಹೊಲ ನಿಮ್ಮದೆಂದು ಆಗುವುದಿಲ್ಲ ಎಂದೆ. ಪಕ್ಕದವರು ಹೇಳುವುದೇ ಸರಿ ಇರಬಹುದು. ಅರ್ಧ ಎಕರೆ ಅವರದೇ ಆಗಿರಬಹುದು. ಅದನ್ನು ಸಿಂಧನೂರಿನ ಸಿವಿಲ್ ಕೋರ್ಟು ಕಾಗದ, ಅಳತೆ, ಅನುಭೋಗ ನೋಡಿ ಹೇಳಬೇಕು. ಮಾರಾಟಕ್ಕೆ ಮೊದಲು ಸರ್ವೆಯವರು ಮಾಡಿಕೊಟ್ಟ 11ಇ ನಕ್ಷೆ ತನ್ನ ಹತ್ತಿರ ಇದೆ ಎಂದು ಚಾಚಾ ಧೈರ್ಯದಿಂದ ಹೇಳಿದರು. ಆ ಅಳತೆಯ ದಿನ ಪಕ್ಕದ ಹೊಲದವರು ಇದ್ದರೇ ಎಂದು ಕೇಳಿದೆ. ಇರಲಿಲ್ಲವಂತೆ.

ಅರ್ಜಿಯ ಕರಡು ತಯಾರಾಗಿದೆ, ಖೊಟ್ಟಿ ಮತ್ತು ಮೋಸದ ಕಲಮುಗಳ ಮಟ್ಟಿಗೆ ಮಾತ್ರ. ಹೊಸದಾಗಿ ಹದ್ದುಬಸ್ತು ಅಳತೆಗೂ ಅರ್ಜಿ ಕೊಟ್ಟಿದ್ದೇವೆ. ಅಳತೆಯ ನೋಟಿಸನ್ನು ಪಕ್ಕದವರ ಮನೆಗೆ ತಲುಪಿಸುವುದು ಇಲಾಖೆಯ ಕೆಲಸ. ಆದರೂ ಹುಡುಗ ಹೋದ ಶುಕ್ರವಾರ ಅವರ ಮನೆಗೆ ತಾನೇ ಹೋಗಿ, ಅಳತೆಯ ದಿನ ನೀವೂ ಬರ್ರಿ ಕಾಕಾ ಎಂದು ಹೇಳಿ ಬಂದಿದ್ದಾನೆ. ಅವರು ಹೂಂ ಎನ್ನಲಿಲ್ಲ, ಊಹೂಂ ಎನ್ನಲೂ ಇಲ್ಲ. ಒಳಗೆ ಕರೆದು ಚಹಾ ಕೊಟ್ಟರಂತೆ.